ಪರವಾನಗಿಗೆ ಎಷ್ಟು ಖರ್ಚು: ರಸೀದಿ ಹೇಳುವುದು, ಹೇಳದೇ ಇರುವುದು

ಡ್ರೈವಿಂಗ್ ಲೈಸೆನ್ಸ್ ಮಾಡಿಸಲು ಎಷ್ಟಾಗುತ್ತದೆ ಎಂದು ಕರ್ನಾಟಕದ ಯಾವ ಊರಿನಲ್ಲಿ ಕೇಳಿದರೂ ಉತ್ತರ ಸಾವಿರಗಳಲ್ಲಿ ಬರುತ್ತದೆ. ಆ ಉತ್ತರದೊಳಗೆ ಸರ್ಕಾರಕ್ಕೆ ಹೋಗುವ ಶುಲ್ಕ, ಡ್ರೈವಿಂಗ್ ಸ್ಕೂಲಿನ ಕಲಿಕೆಯ ಹಣ, ಏಜೆಂಟರ ಕೈಗೆ ಬೀಳುವ ಮೊತ್ತ ಎಲ್ಲವೂ ಬೆರೆತಿರುತ್ತವೆ. ಯಾವುದು ಎಷ್ಟು ಎಂದು ಬಿಡಿಸಿ ಹೇಳುವವರು ಕಡಿಮೆ. ಜನನ ಪ್ರಮಾಣಪತ್ರ, ಆದಾಯ ಪ್ರಮಾಣಪತ್ರ, ಹಳೆ ಬೈಕಿನ ಆರ್‌ಸಿ ನವೀಕರಣ, ಅಂಗಡಿಯ ಲೈಸೆನ್ಸ್ ಹೀಗೆ ಸಾಮಾನ್ಯ ಕುಟುಂಬವೊಂದು ಪಡೆಯಬೇಕಾದ ಯಾವ ಕಾಗದವನ್ನು ತೆಗೆದುಕೊಂಡರೂ ಇದೇ ಕಥೆ. ಈ ಲೆಕ್ಕವನ್ನು ಬಿಡಿಸಿ ನೋಡಿದರೆ ಒಂದು ಸಂಗತಿ ಸ್ಪಷ್ಟವಾಗುತ್ತದೆ: ಸರ್ಕಾರ ಮುದ್ರಿಸಿ ಪ್ರಕಟಿಸಿರುವ ಶುಲ್ಕವೇ ಇಡೀ ಖರ್ಚಿನ ಅತ್ಯಂತ ಸಣ್ಣ ಭಾಗ. ಜೇಬಿಗೆ ಭಾರವಾಗುವುದು ತಡ ಮಾಡಿದ್ದಕ್ಕೆ ತೆರುವ ದಂಡ, ಕಚೇರಿಗೆ ಮತ್ತೆ ಮತ್ತೆ ಅಲೆದಾಗ ಕಳೆದುಹೋಗುವ ಕೂಲಿ ಮತ್ತು ನಡುವಿನವರಿಗೆ ಕೊಡುವ ಹಣ. ಶುಲ್ಕವನ್ನು ನಾವು ಇಳಿಸಲಾರೆವು. ಉಳಿದ ಮೂರರಲ್ಲಿ ಬಹುಪಾಲು ನಮ್ಮ ಹತೋಟಿಯಲ್ಲಿದೆ.

ಡಿಎಲ್‌ನಿಂದಲೇ ಆರಂಭಿಸೋಣ. ಇದನ್ನು ಕೊಡುವುದು ರಾಜ್ಯದ ಆರ್‌ಟಿಒ ಆದರೂ ಶುಲ್ಕವನ್ನು ಗೊತ್ತುಮಾಡಿರುವುದು ಕೇಂದ್ರ ಮೋಟಾರು ವಾಹನ ನಿಯಮಗಳ 32ನೇ ನಿಯಮ. ಈಗಿನ ದರಪಟ್ಟಿ 2016ರ ಡಿಸೆಂಬರ್ ಕೊನೆಯಲ್ಲಿ ಬಂದದ್ದು. ಕಲಿಕಾ ಪರವಾನಗಿಗೆ, ಅಂದರೆ ಎಲ್ಲರೂ ಎಲ್‌ಎಲ್‌ಆರ್ ಎನ್ನುವುದಕ್ಕೆ, ಒಂದೊಂದು ವರ್ಗದ ವಾಹನಕ್ಕೆ 150 ರೂಪಾಯಿ, ಅದರ ಪರೀಕ್ಷೆಗೆ 50 ರೂಪಾಯಿ. ಆಮೇಲೆ ಚಾಲನಾ ಪರೀಕ್ಷೆಗೆ ವರ್ಗವೊಂದಕ್ಕೆ 300 ರೂಪಾಯಿ, ಲೈಸೆನ್ಸ್ ಕೊಡಲು 200 ರೂಪಾಯಿ. ಬೈಕು ಮತ್ತು ಕಾರು ಎರಡನ್ನೂ ಒಟ್ಟಿಗೆ ಬರೆಸಿದರೆ ಎಲ್‌ಎಲ್‌ಆರ್ ಹಂತದಲ್ಲಿ 350, ಡಿಎಲ್ ಹಂತದಲ್ಲಿ 800, ಕೂಡಿಸಿದರೆ 1,150 ರೂಪಾಯಿ. ಸ್ಮಾರ್ಟ್ ಕಾರ್ಡಿನ ಹಣ ಸೇರಿದರೂ ಒಂದೂವರೆ ಸಾವಿರ ದಾಟುವುದಿಲ್ಲ. ಎಲ್‌ಎಲ್‌ಆರ್ ಆರು ತಿಂಗಳು ನಡೆಯುತ್ತದೆ, ಸಿಕ್ಕಿ ಮೂವತ್ತು ದಿನ ಕಳೆದ ಮೇಲೆ ಚಾಲನಾ ಪರೀಕ್ಷೆಗೆ ಹೋಗಬಹುದು. ಈ ಐದು ತಿಂಗಳ ಕಿಟಕಿಯನ್ನು ಕೈಬಿಟ್ಟವರು ಮತ್ತೆ ಮೊದಲಿನಿಂದ ಶುಲ್ಕ ಕಟ್ಟಬೇಕು. ಪರೀಕ್ಷೆಯಲ್ಲಿ ಫೇಲಾದರೆ ಮರುಪರೀಕ್ಷೆಗೂ ಅದೇ 300. ಆಧಾರ್‌ಗೆ ಮೊಬೈಲ್ ಸಂಖ್ಯೆ ಜೋಡಿಸಿಕೊಂಡಿರುವವರು ಎಲ್‌ಎಲ್‌ಆರ್ ಪರೀಕ್ಷೆಯನ್ನು ಸಾರಥಿ ಜಾಲತಾಣದಲ್ಲಿ ಮನೆಯಿಂದಲೇ ಬರೆಯಬಹುದು.

ಹಾಗಾದರೆ ಸಾವಿರಗಟ್ಟಲೆ ಎಲ್ಲಿಂದ ಬಂತು? ಒಂದು ಭಾಗ ನ್ಯಾಯವಾದದ್ದೇ. ಡ್ರೈವಿಂಗ್ ಸ್ಕೂಲಿನಲ್ಲಿ ಕಲಿಯುವುದಕ್ಕೆ ರಾಜ್ಯ ಸರ್ಕಾರವೇ ದರ ಕಟ್ಟಿದೆ. 2024ರ ಜನವರಿಯಿಂದ ಕಾರು ಕಲಿಕೆಗೆ 7,000, ದ್ವಿಚಕ್ರ ವಾಹನಕ್ಕೆ 3,000 ರೂಪಾಯಿ. ಇದು ಕಲಿಸಿದ್ದಕ್ಕೆ ಕೊಡುವ ಹಣ, ಲೈಸೆನ್ಸಿನ ಬೆಲೆ ಅಲ್ಲ. ಮನೆಯವರ ಬಳಿ ಸ್ಕೂಟರ್ ಕಲಿತವರು ಖಾಸಗಿ ಸ್ಕೂಟರ್ ಓಡಿಸುವ ಡಿಎಲ್‌ಗಾಗಿ ಶಾಲೆಗೆ ಸೇರಲೇಬೇಕೆಂಬ ಕಟ್ಟುಪಾಡೂ ಇಲ್ಲ. ಆದರೆ ಶಾಲೆಗಳು ಸಾಮಾನ್ಯವಾಗಿ ಕಲಿಕೆ, ಶುಲ್ಕ, ಓಡಾಟ ಎಲ್ಲವನ್ನೂ ಸೇರಿಸಿ ಒಂದೇ ಮೊತ್ತ ಹೇಳುತ್ತವೆ. ಆ ಮೊತ್ತವನ್ನು ಒಪ್ಪುವ ಮೊದಲು ಕೇಳಬೇಕಾದದ್ದು ಇಷ್ಟೆ: ಇದರಲ್ಲಿ ಸರ್ಕಾರಿ ಶುಲ್ಕ ಎಷ್ಟು, ಅದರ ರಸೀದಿ ನನ್ನ ಹೆಸರಿನಲ್ಲಿ ಸಿಗುತ್ತದೆಯೇ? ಸಾರಥಿಯಲ್ಲಿ ಕಟ್ಟಿದ ಪ್ರತಿ ರೂಪಾಯಿಗೂ ಅರ್ಜಿದಾರರ ಹೆಸರಿನ ರಸೀದಿ ಹುಟ್ಟುತ್ತದೆ, ಅರ್ಜಿ ಸಂಖ್ಯೆ ಮತ್ತು ಜನ್ಮದಿನಾಂಕ ಹಾಕಿ ಯಾರು ಬೇಕಾದರೂ ತಮ್ಮದನ್ನು ತೆಗೆದುಕೊಳ್ಳಬಹುದು. ಹೇಳಿದ ಮೊತ್ತದಿಂದ ಈ ರಸೀದಿಯ ಮೊತ್ತ ಮತ್ತು ಕಲಿಕೆಯ ದರ ಕಳೆದರೆ ಉಳಿಯುವುದೇ ಮಧ್ಯವರ್ತಿಯ ಪಾಲು.

ವಾಹನದ ವಿಷಯಕ್ಕೆ ಬಂದರೆ ಗೊಂದಲ ಇನ್ನೊಂದು ಬಗೆಯದು. ಶೋರೂಮಿನ ಕೊಟೇಶನ್‌ನಲ್ಲಿ ಆರ್‌ಟಿಒ ಚಾರ್ಜ್ ಎಂಬ ಒಂದೇ ಸಾಲಿರುತ್ತದೆ. ಅದರಲ್ಲಿ ನೋಂದಣಿ ಶುಲ್ಕ ದ್ವಿಚಕ್ರ ವಾಹನಕ್ಕೆ 300, ಕಾರಿಗೆ 600 ರೂಪಾಯಿ ಮಾತ್ರ. ಸಾಲ ಮಾಡಿ ಕೊಂಡರೆ ಬ್ಯಾಂಕಿನ ಹೆಸರನ್ನು ಆರ್‌ಸಿಯಲ್ಲಿ ಬರೆಸಲು ಬೈಕಿಗೆ 500, ಕಾರಿಗೆ 1,500 ಸೇರುತ್ತದೆ. ಮಿಕ್ಕಿದ್ದರಲ್ಲಿ ಬಹುಪಾಲು ರಾಜ್ಯದ ಜೀವಿತಾವಧಿ ತೆರಿಗೆ. ಕರ್ನಾಟಕದ ತೆರಿಗೆ ದೇಶದಲ್ಲೇ ಹೆಚ್ಚಿನವುಗಳ ಸಾಲಿನಲ್ಲಿದೆ: ಪೆಟ್ರೋಲ್, ಡೀಸೆಲ್ ಕಾರುಗಳಿಗೆ ಬೆಲೆಗೆ ತಕ್ಕಂತೆ ಶೇ 13ರಿಂದ ಶೇ 18ರವರೆಗೆ, ಆ ತೆರಿಗೆಯ ಮೇಲೆ ಮತ್ತೆ ಶೇ 11 ಸೆಸ್. ಐದರಿಂದ ಹತ್ತು ಲಕ್ಷದ ಕಾರಿಗೆ ಶೇ 14. ಎಂಟು ಲಕ್ಷದ ಕಾರೆಂದರೆ ತೆರಿಗೆ 1,12,000, ಸೆಸ್ 12,320, ಒಟ್ಟು 1,24,320 ರೂಪಾಯಿ. ಇದರ ಮುಂದೆ 600 ರೂಪಾಯಿಯ ನೋಂದಣಿ ಶುಲ್ಕ ಲೆಕ್ಕಕ್ಕೇ ಬರುವುದಿಲ್ಲ. ಪರವಾನಗಿ ದುಬಾರಿ ಎಂದು ಬೇಸರಪಡುವಾಗ ನಾವು ಬೇಸರಪಡಬೇಕಾದದ್ದು ತೆರಿಗೆಯ ಬಗ್ಗೆ. ತೆರಿಗೆ ವಿಧಾನಸಭೆಯಲ್ಲಿ ತೀರ್ಮಾನವಾಗುವ ರಾಜಕೀಯ ವಿಷಯ, ಶುಲ್ಕ ಕಚೇರಿಯ ಕಿಟಕಿಯ ವಿಷಯ. ಎರಡನ್ನೂ ಒಂದೇ ಸಾಲಿನಲ್ಲಿ ಬರೆದಾಗ ಅದರ ನಡುವೆ ಡೀಲರು ಸೇರಿಸಿದ ನಿರ್ವಹಣಾ ವೆಚ್ಚವೂ ಕಣ್ಣಿಗೆ ಬೀಳದೆ ಜಾರಿಹೋಗುತ್ತದೆ. ಬಿಡಿಸಿದ ಲೆಕ್ಕವನ್ನು ಲಿಖಿತವಾಗಿ ಕೇಳುವುದು ಗ್ರಾಹಕರ ಹಕ್ಕು.

ಇಡೀ ವಿಷಯದಲ್ಲಿ ಜನ ಅತಿ ಹೆಚ್ಚು ಕಳೆದುಕೊಳ್ಳುವುದು ತಡದಿಂದ. ಅದಕ್ಕೇ ಇದರ ಬಗ್ಗೆ ಸ್ವಲ್ಪ ವಿಸ್ತಾರವಾಗಿ ಹೇಳಬೇಕು. ಡಿಎಲ್ ಅವಧಿ ಎಷ್ಟು ಎಂದು ಕೇಳಿದರೆ ಇಪ್ಪತ್ತು ವರ್ಷ ಎಂದೇ ಹಲವರ ನಂಬಿಕೆ. 2019ರ ತಿದ್ದುಪಡಿಯ ನಂತರ ಲೆಕ್ಕ ಬದಲಾಗಿದೆ. ಮೂವತ್ತು ತುಂಬುವ ಮೊದಲು ಪಡೆದ ಲೈಸೆನ್ಸ್ ನಲವತ್ತನೇ ವಯಸ್ಸಿನವರೆಗೆ, ಮೂವತ್ತರಿಂದ ಐವತ್ತರ ನಡುವೆ ಪಡೆದದ್ದು ಹತ್ತು ವರ್ಷ, ಐವತ್ತರಿಂದ ಐವತ್ತೈದರ ನಡುವಿನದು ಅರವತ್ತು ತುಂಬುವವರೆಗೆ, ಆಮೇಲಿನದು ಐದೈದು ವರ್ಷ. ನವೀಕರಣದ ಶುಲ್ಕ 200 ರೂಪಾಯಿ. ನಲವತ್ತು ದಾಟಿದವರು ವೈದ್ಯರ ಪ್ರಮಾಣಪತ್ರವನ್ನೂ ಕೊಡಬೇಕು. ಅವಧಿ ಮುಗಿಯುವುದಕ್ಕೆ ಒಂದು ವರ್ಷ ಮೊದಲೇ ಅರ್ಜಿ ಹಾಕಲು ಅವಕಾಶವಿದೆ. ಮುಗಿದು ಒಂದು ವರ್ಷ ಕಳೆದರೆ ಮತ್ತೆ ಪರೀಕ್ಷೆಯ ಅಂಕಣಕ್ಕೆ ಇಳಿಯಬೇಕು, ದರಪಟ್ಟಿಯ ಪ್ರಕಾರ ತಡವಾದ ಒಂದೊಂದು ವರ್ಷಕ್ಕೂ ಸಾವಿರ ರೂಪಾಯಿ ಹೆಚ್ಚುವರಿ. ಇದಕ್ಕಿಂತ ದೊಡ್ಡ ಅಪಾಯ ಬೇರೆಯದು. ಅವಧಿ ಮೀರಿದ ಲೈಸೆನ್ಸಿನಲ್ಲಿ ಓಡಿಸುವಾಗ ಅಪಘಾತವಾದರೆ ಗಾಯಾಳುವಿಗೆ ವಿಮಾ ಕಂಪನಿ ಪರಿಹಾರ ಕೊಟ್ಟು, ಆ ಹಣವನ್ನು ವಾಹನದ ಮಾಲೀಕರಿಂದ ವಸೂಲು ಮಾಡಿಕೊಳ್ಳಲು ನ್ಯಾಯಾಲಯಗಳು ಅನುಮತಿ ಕೊಡುತ್ತ ಬಂದಿವೆ. 200 ರೂಪಾಯಿಯ ಉದಾಸೀನ ಲಕ್ಷಗಳ ಹೊರೆಯಾಗುವುದು ಹೀಗೆ.

ಹಳೆಯ ವಾಹನಗಳಿಗೂ ಇದೇ ಮಾತು. ಖಾಸಗಿ ವಾಹನದ ಆರ್‌ಸಿ ಹದಿನೈದು ವರ್ಷಕ್ಕೆ ಮುಗಿಯುತ್ತದೆ. 2022ರ ಏಪ್ರಿಲ್‌ನಿಂದ ನವೀಕರಣಕ್ಕೆ ದ್ವಿಚಕ್ರ ವಾಹನಕ್ಕೆ 1,000, ಕಾರಿಗೆ 5,000 ರೂಪಾಯಿ; 2025ರ ಆಗಸ್ಟ್‌ನಲ್ಲಿ ಬಂದ ಅಧಿಸೂಚನೆಯಂತೆ ಇಪ್ಪತ್ತು ವರ್ಷ ದಾಟಿದವಕ್ಕೆ ಇವು 2,000 ಮತ್ತು 10,000. ರಾಜ್ಯದ ಹಸಿರು ತೆರಿಗೆ ಬೇರೆ. ತಡ ಮಾಡಿದರೆ ಬೈಕಿಗೆ ತಿಂಗಳಿಗೆ 300, ಕಾರಿಗೆ ತಿಂಗಳಿಗೆ 500 ಹೆಚ್ಚುವರಿ. ಮೂಲೆಯಲ್ಲಿ ನಿಂತ ಹಳೆ ಸ್ಕೂಟರಿಗೆ ಒಂದು ವರ್ಷ ತಡವಾದರೆ 3,600 ರೂಪಾಯಿ ದಂಡ, ಅನೇಕ ಕಡೆ ಆ ಸ್ಕೂಟರಿನ ಮಾರಾಟದ ಬೆಲೆಗೆ ಹತ್ತಿರದ ಮೊತ್ತ. ಹಾಗಾಗಿ ಹದಿನಾಲ್ಕನೇ ವರ್ಷದಲ್ಲೇ ಈ ವಾಹನ ಇಟ್ಟುಕೊಳ್ಳುವುದೋ ಬಿಡುವುದೋ ಎಂದು ಮನೆಯಲ್ಲಿ ತೀರ್ಮಾನಿಸುವುದು ಒಳ್ಳೆಯದು. ಮಾರಿದವರು ಮಾಡುವ ತಪ್ಪು ಇನ್ನೂ ದುಬಾರಿ. ಮಾಲೀಕತ್ವ ಬದಲಾವಣೆಯ ಶುಲ್ಕ ಬೈಕಿಗೆ 150, ಕಾರಿಗೆ 300 ರೂಪಾಯಿ. ರಾಜ್ಯದೊಳಗೇ ಮಾರಿದಾಗ ಮಾರಿದವರು ಹದಿನಾಲ್ಕು ದಿನದೊಳಗೆ ಆರ್‌ಟಿಒಗೆ ತಿಳಿಸಬೇಕು, ಕೊಂಡವರು ಮೂವತ್ತು ದಿನದೊಳಗೆ ಅರ್ಜಿ ಹಾಕಬೇಕು. ಸಹಿ ಹಾಕಿದ ಖಾಲಿ ಫಾರಂ ಕೈಗಿಟ್ಟು ಹಣ ಎಣಿಸಿಕೊಂಡು ಬರುವ ರೂಢಿ ನಮ್ಮಲ್ಲಿ ಬೇರೂರಿದೆ. ಆದರೆ ಆರ್‌ಸಿಯಲ್ಲಿ ಯಾರ ಹೆಸರಿದೆಯೋ ಅವರೇ ಕಾನೂನಿನ ಕಣ್ಣಿನಲ್ಲಿ ಮಾಲೀಕರು, ಅಪಘಾತದ ಪರಿಹಾರಕ್ಕೆ ಅವರೇ ಹೊಣೆ ಎಂದು ಸುಪ್ರೀಂ ಕೋರ್ಟ್ 2018ರಲ್ಲಿ ನವೀನ್ ಕುಮಾರ್ ಪ್ರಕರಣದಲ್ಲಿ ಖಚಿತವಾಗಿ ಹೇಳಿದೆ. ಆ ವಾಹನ ಆನಂತರ ಎಷ್ಟು ಕೈ ಬದಲಾದರೂ ಸರಿ, ಹೊಣೆ ಮೊದಲ ಹೆಸರಿಗೆ ಅಂಟಿಕೊಂಡಿರುತ್ತದೆ.

ತಡದ ಬೆಲೆ ಎದ್ದು ಕಾಣುವುದು ಜನನ, ಮರಣ ನೋಂದಣಿಯಲ್ಲಿ. 1969ರ ಕಾಯ್ದೆಯಂತೆ ಇಪ್ಪತ್ತೊಂದು ದಿನದೊಳಗೆ ತಿಳಿಸಿದರೆ ನೋಂದಣಿ ಉಚಿತ, ಮೊದಲ ಪ್ರಮಾಣಪತ್ರವೂ ಉಚಿತ. ಮೂವತ್ತು ದಿನದವರೆಗೆ ಸಣ್ಣ ತಡಶುಲ್ಕ ಸಾಕು. ಮೂವತ್ತು ದಿನ ದಾಟಿದರೆ ಮೇಲಧಿಕಾರಿಯ ಲಿಖಿತ ಅನುಮತಿ ಬೇಕು. ಒಂದು ವರ್ಷ ದಾಟಿದರೆ ಜಿಲ್ಲಾ ಅಥವಾ ಉಪವಿಭಾಗ ದಂಡಾಧಿಕಾರಿಯ, ಇಲ್ಲವೇ ಅಧಿಕಾರ ಪಡೆದ ಕಾರ್ಯನಿರ್ವಾಹಕ ದಂಡಾಧಿಕಾರಿಯ ಆದೇಶವೇ ಬೇಕು. ಶುಲ್ಕದ ಅಂಕಿ ಇಲ್ಲಿ ಎಲ್ಲ ಹಂತದಲ್ಲೂ ಚಿಕ್ಕದೇ. ಆದರೆ ಉಪವಿಭಾಗಾಧಿಕಾರಿಯ ಕಚೇರಿಗೆ ಓಡಾಟ, ಅಫಿಡವಿಟ್, ಶಾಲೆ ಮತ್ತು ಆಸ್ಪತ್ರೆಯ ದಾಖಲೆ ಹುಡುಕಾಟ, ಬರೆದುಕೊಡುವವರ ಫೀಸು ಸೇರಿ ಉಚಿತವಾಗಿ ಸಿಗಬೇಕಿದ್ದ ಕಾಗದಕ್ಕೆ ವಾರಗಳೂ ಸಾವಿರಗಳೂ ಹೋಗುತ್ತವೆ. 2023ರ ಅಕ್ಟೋಬರ್ 1ರಂದು ಅಥವಾ ಆಮೇಲೆ ಹುಟ್ಟಿದ ಮಕ್ಕಳಿಗೆ ಈ ಪ್ರಮಾಣಪತ್ರ ಇನ್ನಷ್ಟು ಅನಿವಾರ್ಯ. ಶಾಲಾ ದಾಖಲಾತಿ, ಡಿಎಲ್, ಮತದಾರರ ಪಟ್ಟಿ, ಸರ್ಕಾರಿ ನೌಕರಿ ಮುಂತಾದವುಗಳಿಗೆ ಜನ್ಮದಿನಾಂಕದ ಪುರಾವೆಯಾಗಿ ಕಾನೂನು ಇದನ್ನೇ ಕೇಳುತ್ತದೆ. ಆಸ್ಪತ್ರೆಯಲ್ಲಿ ಹೆರಿಗೆಯಾದರೆ ಮಾಹಿತಿ ಕಳಿಸುವ ಹೊಣೆ ಆಸ್ಪತ್ರೆಯದು. ಆದರೂ ಡಿಸ್ಚಾರ್ಜ್ ಆಗುವ ದಿನ ತಂದೆತಾಯಿಯ ಹೆಸರಿನ ಕಾಗುಣಿತವನ್ನು ಆಧಾರ್ ಜೊತೆ ಹೋಲಿಸಿ ನೋಡಿಕೊಳ್ಳಬೇಕು. ಆಮೇಲೆ ಒಂದಕ್ಷರ ತಿದ್ದಿಸುವುದು ಹೊಸ ಅರ್ಜಿಯಷ್ಟೇ ಶ್ರಮದ ಕೆಲಸ. ಮಗುವಿಗೆ ಹೆಸರಿಡುವುದು ತಡವಾದರೂ ಚಿಂತೆಯಿಲ್ಲ, ಹೆಸರಿಲ್ಲದೆ ನೋಂದಾಯಿಸಿ ಆಮೇಲೆ ಸೇರಿಸಲು ಅವಕಾಶವಿದೆ. ಹೆಸರಿಗಾಗಿ ನೋಂದಣಿಯನ್ನೇ ಕಾಯಿಸಬೇಡಿ.

ನಾಡಕಚೇರಿಯ ಪ್ರಮಾಣಪತ್ರಗಳಲ್ಲಿ ಶುಲ್ಕ ಹತ್ತಾರು ರೂಪಾಯಿಗಳಷ್ಟೇ, ದೊಡ್ಡದು ಓಡಾಟ. 2025–26ರಲ್ಲಿ ಕರ್ನಾಟಕದಲ್ಲಿ ನರೇಗಾ ಕೂಲಿ ದಿನಕ್ಕೆ 370 ರೂಪಾಯಿ ಇತ್ತು. ಆ ಲೆಕ್ಕದಲ್ಲಿ ಆದಾಯ ಪ್ರಮಾಣಪತ್ರಕ್ಕೆಂದು ಮೂರು ಸಲ ಹೋಬಳಿ ಕೇಂದ್ರಕ್ಕೆ ಹೋದವರು 1,110 ರೂಪಾಯಿ ಕಳೆದುಕೊಂಡಿರುತ್ತಾರೆ, ಬಸ್ಸಿನ ಹಣ ಬಿಟ್ಟು. ಶಕ್ತಿ ಯೋಜನೆಯಿಂದ ಹೆಣ್ಣುಮಕ್ಕಳ ಬಸ್ಸಿನ ಖರ್ಚು ತಪ್ಪಿದೆ, ಕೂಲಿ ತಪ್ಪಿದ್ದು ಹಾಗೇ ಉಳಿದಿದೆ. ಮತ್ತೆ ಮತ್ತೆ ಹೋಗಬೇಕಾಗುವುದು ಬಹುತೇಕ ಒಂದು ದಾಖಲೆ ಕಡಿಮೆ ಬಿದ್ದಾಗ, ಇಲ್ಲವೇ ಬೇಡದ ಕಾಗದಕ್ಕಾಗಿ ಹೋದಾಗ. ಪ್ರತಿ ಜೂನ್‌ನಲ್ಲಿ ಶಾಲೆ ತೆರೆಯುವ ಹೊತ್ತಿಗೆ ಆದಾಯ ಪ್ರಮಾಣಪತ್ರಕ್ಕೆ ಸಾಲುಗಟ್ಟುವ ಪೋಷಕರಲ್ಲಿ ಅನೇಕರ ಬಳಿ ಇನ್ನೂ ಚಾಲ್ತಿಯಲ್ಲಿರುವ ಪ್ರಮಾಣಪತ್ರವೇ ಇರುತ್ತದೆ. ಆದಾಯ ಪ್ರಮಾಣಪತ್ರ ಐದು ವರ್ಷ ನಡೆಯುತ್ತದೆ. ಪರಿಶಿಷ್ಟ ಜಾತಿ, ಪಂಗಡ ಮತ್ತು ಪ್ರವರ್ಗ 1ರ ಜಾತಿ ಪ್ರಮಾಣಪತ್ರ ಜೀವಮಾನಕ್ಕೆ ಸಾಕು. ಅದರ ಮೇಲಿರುವ ಆರ್‌ಡಿ ಸಂಖ್ಯೆ ಬರೆದಿಟ್ಟುಕೊಂಡರೆ ಮೂಲ ಕಾಗದ ಕಳೆದರೂ ಭಯವಿಲ್ಲ, ವಿದ್ಯಾರ್ಥಿವೇತನದ ಅರ್ಜಿಗೂ ಆ ಸಂಖ್ಯೆಯೇ ಬೇಕು. ಅಫಿಡವಿಟ್ ಇನ್ನೊಂದು ಪೋಲು. 2024ರ ಫೆಬ್ರುವರಿಯಲ್ಲಿ ಜಾರಿಗೆ ಬಂದ ಮುದ್ರಾಂಕ ತಿದ್ದುಪಡಿಯಿಂದ ಅಫಿಡವಿಟ್‌ನ ಮುದ್ರಾಂಕ ಶುಲ್ಕ 20 ರೂಪಾಯಿಯಿಂದ 100ಕ್ಕೆ ಏರಿದೆ, ನೋಟರಿ ಮತ್ತು ಟೈಪಿಂಗ್ ಬೇರೆ. ಪ್ರಮಾಣಪತ್ರಕ್ಕಿಂತ ಅದರ ಜೊತೆ ಲಗತ್ತಿಸುವ ಕಾಗದವೇ ಹಲವು ಪಟ್ಟು ದುಬಾರಿ. ಇಲಾಖೆಯ ದಾಖಲೆ ಪಟ್ಟಿಯಲ್ಲಿ ಅಫಿಡವಿಟ್ ಎಂದು ಇಲ್ಲದಿದ್ದರೆ ಯಾರು ಹೇಳಿದರೂ ಮಾಡಿಸಬೇಡಿ. ಕಚೇರಿ ಕೇಳಿದರೆ ಯಾವ ನಿಯಮದಡಿ ಎಂದು ವಿನಯದಿಂದ ಕೇಳಬಹುದು.

ಸಣ್ಣ ವ್ಯಾಪಾರಿಗಳಿಗೆ ಎರಡು ಮಾತು. ಚಹಾದಂಗಡಿ, ಇಡ್ಲಿ ಗಾಡಿ, ಮನೆಯಲ್ಲೇ ಹಪ್ಪಳ ಉಪ್ಪಿನಕಾಯಿ ಮಾಡಿ ಮಾರುವವರು ಇವರಿಗೆಲ್ಲ ಬೇಕಾದ ಆಹಾರ ಸುರಕ್ಷತಾ ನೋಂದಣಿಯ ಶುಲ್ಕ ವರ್ಷಕ್ಕೆ 100 ರೂಪಾಯಿ ಎಂದೇ ನಿಯಮಾವಳಿ ಗೊತ್ತುಮಾಡಿತ್ತು. ಇದಕ್ಕೆ ಎರಡು ಮೂರು ಸಾವಿರ ಕೇಳುವ ಜಾಹೀರಾತುಗಳು ಮೊಬೈಲ್ ತುಂಬ ಇವೆ. ಅಂಗಡಿ ಉದ್ದಿಮೆ ಪರವಾನಗಿಯ ವಿಷಯದಲ್ಲಿ ನೆನಪಿಡಬೇಕಾದದ್ದು ದಿನಾಂಕ. ಪರವಾನಗಿ ವರ್ಷ ಮಾರ್ಚ್ 31ಕ್ಕೆ ಮುಗಿಯುತ್ತದೆ. ಬೆಂಗಳೂರಿನಲ್ಲಿ ಬಿಬಿಎಂಪಿ ಕಾಲದಿಂದ ನಡೆದುಬಂದ ಕ್ರಮದಂತೆ ಫೆಬ್ರುವರಿಯೊಳಗೆ ನವೀಕರಿಸಿದರೆ ದಂಡವಿಲ್ಲ, ಮಾರ್ಚ್‌ನಲ್ಲಿ ಶೇ 25, ಏಪ್ರಿಲ್‌ನಿಂದ ಶುಲ್ಕದಷ್ಟೇ ದಂಡ. ಬೇರೆ ಊರುಗಳ ದರ ಆಯಾ ನಗರಸಭೆ, ಪಂಚಾಯಿತಿಗಳ ಪಟ್ಟಿಯಲ್ಲಿರುತ್ತದೆ.

ಇಲ್ಲಿ ಒಂದು ಬಲವಾದ ಆಕ್ಷೇಪ ಎದುರಾಗುತ್ತದೆ. ದಿನಗೂಲಿ ಕಳೆದುಕೊಂಡು ಮೂರು ಸಲ ಅಲೆಯುವ ಬದಲು ಏಜೆಂಟರಿಗೆ ಐನೂರು ಕೊಟ್ಟರೆ ಲಾಭವೇ ಅಲ್ಲವೇ? ಮೇಲಿನ ಕೂಲಿಯ ಲೆಕ್ಕವೇ ಈ ವಾದಕ್ಕೆ ಬೆಂಬಲ ಕೊಡುವಂತಿದೆ, ಆದ್ದರಿಂದ ಇದನ್ನು ತಳ್ಳಿಹಾಕುವಂತಿಲ್ಲ. ಕಂಪ್ಯೂಟರ್ ಬಾರದವರು, ಓದು ಬಾರದವರು ನೆರವು ಪಡೆದು ಅದಕ್ಕೆ ಹಣ ಕೊಡುವುದು ಪೂರಾ ಸರಿ. ಆದರೆ ನೆರವಿಗೂ ಮಧ್ಯವರ್ತಿಗೂ ವ್ಯತ್ಯಾಸವಿದೆ. ಗ್ರಾಮ ಒನ್, ಕರ್ನಾಟಕ ಒನ್, ಬೆಂಗಳೂರು ಒನ್ ಕೇಂದ್ರಗಳಲ್ಲಿ ಸೇವಾ ಶುಲ್ಕ ನಿಗದಿಯಾಗಿದೆ, ರಸೀದಿ ಸಿಗುತ್ತದೆ, ಅರ್ಜಿ ನಿಮ್ಮ ಮೊಬೈಲ್ ಸಂಖ್ಯೆಯಲ್ಲೇ ದಾಖಲಾಗುತ್ತದೆ. ಮಧ್ಯವರ್ತಿ ತಮ್ಮ ಸಂಖ್ಯೆ ಹಾಕುತ್ತಾರೆ; ಒಟಿಪಿ, ಸಂದೇಶ, ಕೊರತೆಯ ಸೂಚನೆ ಎಲ್ಲವೂ ಅವರಿಗೇ ಹೋಗುತ್ತವೆ. ಐದು ವರ್ಷದ ನಂತರ ನವೀಕರಣಕ್ಕೆ ಬಂದಾಗ ದಾಖಲೆಯಲ್ಲಿರುವ ಮೊಬೈಲ್ ಸಂಖ್ಯೆಯೇ ನಿಮ್ಮದಲ್ಲ ಎಂಬುದು ಆಗ ಗೊತ್ತಾಗುತ್ತದೆ, ಮತ್ತೆ ಅವರ ಬಳಿಗೇ ಹೋಗಬೇಕು. ಒಂದು ಸಲದ ಐನೂರು ಎಂದು ಕೊಟ್ಟದ್ದು ಹೀಗೆ ಜೀವನಪರ್ಯಂತದ ಕಂದಾಯವಾಗುತ್ತದೆ. ಡಿಎಲ್ ವಿಷಯದಲ್ಲಂತೂ ಮಧ್ಯವರ್ತಿ ಮಾರುವುದು ಪರೀಕ್ಷೆ ಪಾಸು ಮಾಡಿಸುವ ಭರವಸೆಯನ್ನು. ಗಾಡಿ ಓಡಿಸಲು ಬಾರದವರಿಗೆ ಸಿಕ್ಕ ಲೈಸೆನ್ಸಿನ ಬೆಲೆಯನ್ನು ರಸ್ತೆಯಲ್ಲಿ ನಡೆದುಹೋಗುವವರು ಕೊಡುತ್ತಾರೆ.

ಎಲ್ಲವೂ ಆನ್‌ಲೈನ್ ಆಗಿರುವಾಗ ಈ ಮಾತೆಲ್ಲ ಹಳತಾಯಿತು ಎನ್ನುವವರೂ ಇದ್ದಾರೆ. ಗಣಕೀಕರಣದಿಂದ ಲಾಭವಾದದ್ದು ನಿಜ, ಅದಕ್ಕೆ ನಮ್ಮ ರಾಜ್ಯದಲ್ಲೇ ಪುರಾವೆ ಇದೆ. 2000ದ ಸುಮಾರಿಗೆ ಭೂಮಿ ಯೋಜನೆ ಬಂದು ಪಹಣಿ 15 ರೂಪಾಯಿಗೆ ಕಿಟಕಿಯಲ್ಲಿ ಸಿಗತೊಡಗಿತು. ಬೆಂಗಳೂರಿನ ಪಬ್ಲಿಕ್ ಅಫೇರ್ಸ್ ಸೆಂಟರ್ ನಡೆಸಿದ ಅಧ್ಯಯನದಲ್ಲಿ ಹಳೆ ಪದ್ಧತಿಯಲ್ಲಿ ನೂರಕ್ಕೆ 66 ಮಂದಿ ಲಂಚ ಕೊಟ್ಟಿದ್ದರೆ ಭೂಮಿ ಕಿಟಕಿಯಲ್ಲಿ ಕೊಟ್ಟವರು ನೂರಕ್ಕೆ 3 ಮಂದಿ ಎಂದು ಕಂಡುಬಂತು. ಬೆಲೆ ಎಲ್ಲರಿಗೂ ಗೊತ್ತಿದ್ದು, ಕೊಡುವವರ ಇಚ್ಛೆಗೆ ಜಾಗವಿಲ್ಲದಿದ್ದರೆ ಹೆಚ್ಚುವರಿ ಹಣ ತಾನಾಗಿ ನಿಲ್ಲುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಬೇಡ. ಆದರೆ ಅಧಿಕಾರಿಯೊಬ್ಬರು ಬಂದು ನೋಡಿ ಸಹಿ ಹಾಕಬೇಕಾದ ಕೆಲಸಗಳಲ್ಲಿ, ಖಾತೆ ಬದಲಾವಣೆ, ಸರ್ವೆ, ಕಟ್ಟಡ ಪರಿಶೀಲನೆಯಂಥವುಗಳಲ್ಲಿ, ಅರ್ಜಿ ಆನ್‌ಲೈನ್ ಆದರೂ ತೀರ್ಮಾನ ಮೇಜಿನ ಮೇಲೇ ಇದೆ. ಅದರ ಜೊತೆಗೆ ಆನ್‌ಲೈನ್ ತಂದ ಹೊಸ ಖರ್ಚೂ ಇದೆ: ನಕಲಿ ಜಾಲತಾಣಗಳು. ಹುಡುಕಿದಾಗ ಮೊದಲು ಕಾಣುವುದು ಜಾಹೀರಾತು ಕೊಟ್ಟ ಖಾಸಗಿ ತಾಣ, ಇಲ್ಲವೇ ವಂಚಕರದು. ಸರ್ಕಾರಿ ತಾಣದ ವಿಳಾಸ ಡಾಟ್ ಗವ್ ಡಾಟ್ ಇನ್ ಎಂದು ಮುಗಿಯಬೇಕು. ಪರಿವಾಹನ್, ಸಾರಥಿ, ಸೇವಾ ಸಿಂಧು, ನಾಡಕಚೇರಿ ಎಲ್ಲವೂ ಹಾಗೆಯೇ ಮುಗಿಯುತ್ತವೆ. ಬಾಕಿ ದಂಡದ ಚಲನ್ ಎಂದು ವಾಟ್ಸ್‌ಆ್ಯಪ್‌ನಲ್ಲಿ ಬರುವ ಆ್ಯಪ್ ಫೈಲನ್ನು ತೆರೆಯಲೇಬೇಡಿ, ಇಂಥವುಗಳಿಂದ ಬ್ಯಾಂಕ್ ಖಾತೆ ಖಾಲಿಯಾದ ಪ್ರಕರಣಗಳು ಸಾಕಷ್ಟು ದಾಖಲಾಗಿವೆ.

ಯಾರೂ ಕೇಳುವುದಿಲ್ಲ, ಪರವಾನಗಿ ಇಲ್ಲದೆಯೇ ನಡೆಯುತ್ತದೆ ಎನ್ನುವುದು ಮೂರನೆಯ ವಾದ. ಅನೇಕ ವರ್ಷ ನಡೆಯುತ್ತದೆ ಕೂಡ. ನಿಂತುಹೋಗುವುದು ಒಂದೇ ದಿನ, ಎಲ್ಲರಿಗೂ ಒಟ್ಟಿಗೆ. ಕಟ್ಟಡಗಳ ವಿಷಯದಲ್ಲಿ ಕರ್ನಾಟಕ ಇದನ್ನು ಇತ್ತೀಚೆಗೆ ಕಂಡಿದೆ. ಸ್ವಾಧೀನಾನುಭವ ಪತ್ರವಿಲ್ಲದ ಕಟ್ಟಡಗಳಿಗೆ ವಿದ್ಯುತ್, ನೀರಿನ ಸಂಪರ್ಕ ಕೊಡಬಾರದೆಂದು 2024ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಆದೇಶಿಸಿತು. ವಿದ್ಯುತ್ ಕಂಪನಿಗಳು ಹೊಸ ಸಂಪರ್ಕ ನಿಲ್ಲಿಸಿದವು. ಸಾಲ ಮಾಡಿ ಮನೆ ಕಟ್ಟಿ ಗೃಹಪ್ರವೇಶಕ್ಕೆ ಕಾದವರು ತಾತ್ಕಾಲಿಕ ಸಂಪರ್ಕದ ದುಬಾರಿ ದರ ಕಟ್ಟುತ್ತಾ ತಿಂಗಳುಗಟ್ಟಲೆ ಕೂತರು. 2025ರಲ್ಲಿ ಸರ್ಕಾರ 1,200 ಚದರ ಅಡಿವರೆಗಿನ ನಿವೇಶನದ ಸಣ್ಣ ಮನೆಗಳಿಗೆ ರಿಯಾಯಿತಿ ಕೊಡಬೇಕಾಯಿತು. ದೊಡ್ಡ ನಿವೇಶನದವರಿಗೆ ಆಗ ಆ ದಾರಿ ಸಿಗಲಿಲ್ಲ. ನಕ್ಷೆ ಮಂಜೂರಾತಿಗೆ ಕಟ್ಟುವ ಶುಲ್ಕ ಕಡಿಮೆಯೇನಲ್ಲ, ಅದರ ಮೇಲೆ ಅಭಿವೃದ್ಧಿ ಶುಲ್ಕ, ಕಾರ್ಮಿಕ ಸೆಸ್ ಎಂದೆಲ್ಲ ಸೇರುತ್ತವೆ. ಆದರೂ ಕಟ್ಟಿ ಮುಗಿದ ಮೇಲೆ ಮಂಜೂರಾತಿಯಂತೆ ಇಲ್ಲವೆಂದು ತಿಳಿದುಬಂದರೆ ಅದನ್ನು ಸರಿಪಡಿಸುವ ಖರ್ಚಿಗೆ ಮಿತಿಯೇ ಇಲ್ಲ.

ಇನ್ನು ಕಚೇರಿಯೇ ತಡ ಮಾಡಿದರೆ? ಇದಕ್ಕಾಗಿಯೇ ಕರ್ನಾಟಕ 2011ರಲ್ಲಿ ನಾಗರಿಕ ಸೇವಾ ಖಾತರಿ ಕಾಯ್ದೆ ಮಾಡಿತು, 2012ರ ಏಪ್ರಿಲ್‌ನಿಂದ ಸಕಾಲ ಎಂಬ ಹೆಸರಿನಲ್ಲಿ ರಾಜ್ಯದಾದ್ಯಂತ ಜಾರಿಯಾಯಿತು. 151 ಸೇವೆಗಳಿಂದ ಶುರುವಾದದ್ದು ಈಗ ಬಹಳ ಬೆಳೆದಿದೆ. ಅರ್ಜಿ ಕೊಟ್ಟ ತಕ್ಷಣ 15 ಅಂಕಿಯ ಜಿಎಸ್‌ಸಿ ಸಂಖ್ಯೆ ಮತ್ತು ಕೆಲಸ ಮುಗಿಯಬೇಕಾದ ದಿನಾಂಕ ಇರುವ ಸ್ವೀಕೃತಿ ಸಿಗಬೇಕು. ಈ ಸ್ವೀಕೃತಿ ಇಲ್ಲದೆ ಕಿಟಕಿ ಬಿಟ್ಟು ಬರಬೇಡಿ. ಅರ್ಜಿ ಮೇಜಿನ ಮೇಲಿಟ್ಟು ಹೋಗಿ ಎಂದರೆ ಅದು ಕಾನೂನಿನ ಲೆಕ್ಕಕ್ಕೆ ಬಂದಿಲ್ಲ ಎಂದೇ ಅರ್ಥ. ದಿನಾಂಕ ಮೀರಿದರೆ ಅಥವಾ ಕಾರಣವಿಲ್ಲದೆ ತಿರಸ್ಕರಿಸಿದರೆ ಮೇಲಧಿಕಾರಿಗೆ ಮೇಲ್ಮನವಿ ಹಾಕಬಹುದು. ತಡವಾದ ಪ್ರತಿ ದಿನಕ್ಕೆ 20 ರೂಪಾಯಿಯಂತೆ ಗರಿಷ್ಠ 500 ರೂಪಾಯಿ ಪರಿಹಾರವನ್ನು ಕಾಯ್ದೆ ನಿಗದಿ ಮಾಡಿದೆ, ಹೊಣೆಗಾರ ನೌಕರರಿಂದಲೇ ವಸೂಲಾಗುವ ಹಣ ಅದು. ಒಂದು ದಿನದ ಕೂಲಿಗೂ ಸಾಲದ ಇಪ್ಪತ್ತು ರೂಪಾಯಿಗಾಗಿ ಯಾರು ಮೇಲ್ಮನವಿ ಹಾಕುತ್ತಾರೆ ಎಂದು ಕೇಳಬಹುದು. ಪರಿಹಾರದ ಮೊತ್ತ ಹೆಚ್ಚಬೇಕೆಂಬುದರಲ್ಲಿ ಅನುಮಾನವಿಲ್ಲ. ಆದರೆ ಮೇಲ್ಮನವಿಯ ನಿಜವಾದ ಬಲ ಆ ಹಣದಲ್ಲಿಲ್ಲ, ತಡ ಮಾಡಿದವರ ಹೆಸರು ಮೇಲಧಿಕಾರಿಯ ಪರದೆಯ ಮೇಲೆ ದಾಖಲಾಗುವುದರಲ್ಲಿದೆ. ಹಾಗೆ ದಾಖಲಾದ ಮೇಲೆ ಕಡತ ಸಾಮಾನ್ಯವಾಗಿ ಚಲಿಸುತ್ತದೆ. ಅಲ್ಲೂ ಉತ್ತರ ಸಿಗದಿದ್ದರೆ ಮಾಹಿತಿ ಹಕ್ಕು ಅರ್ಜಿಗೆ 10 ರೂಪಾಯಿ, ಪ್ರತಿಗೆ ಪುಟಕ್ಕೆ 2 ರೂಪಾಯಿ, ಬಿಪಿಎಲ್ ಕುಟುಂಬಕ್ಕೆ ಉಚಿತ. ಕರ್ನಾಟಕದ ನಿಯಮದಂತೆ ಒಂದೇ ವಿಷಯದ ಮೇಲೆ 150 ಪದಗಳೊಳಗೆ ಕೇಳಬೇಕು. ನನ್ನ ಅರ್ಜಿ ಯಾವ ದಿನ ಯಾರ ಮೇಜಿನಲ್ಲಿತ್ತು ಎಂಬ ಒಂದೇ ಪ್ರಶ್ನೆ ಸಾಕಾಗುತ್ತದೆ, ಮೂವತ್ತು ದಿನದೊಳಗೆ ಉತ್ತರ ಕೊಡಲೇಬೇಕು.

ರಸೀದಿಯಿಲ್ಲದ ಹಣ ಕೇಳಿದಾಗ ಏನು ಮಾಡಬೇಕೆಂಬುದೂ ತಿಳಿದಿರಬೇಕು, ಏಕೆಂದರೆ 2018ರಿಂದ ಕಾನೂನು ಬದಲಾಗಿದೆ. ಭ್ರಷ್ಟಾಚಾರ ತಡೆ ಕಾಯ್ದೆಯ ತಿದ್ದುಪಡಿಯಂತೆ ಲಂಚ ಕೊಡುವುದೂ ಅಪರಾಧ. ಬಲವಂತಕ್ಕೆ ಸಿಕ್ಕಿ ಕೊಟ್ಟವರು ಏಳು ದಿನದೊಳಗೆ ಪೊಲೀಸರಿಗೆ ಅಥವಾ ತನಿಖಾ ಸಂಸ್ಥೆಗೆ ತಿಳಿಸಿದರೆ ಮಾತ್ರ ಅವರಿಗೆ ರಕ್ಷಣೆ. ಕೊಡುವ ಮೊದಲೇ ತಿಳಿಸಿ ಅವರ ಸೂಚನೆಯಂತೆ ನಡೆದರೆ ಅಪರಾಧದ ಪ್ರಶ್ನೆಯೇ ಬರುವುದಿಲ್ಲ. ಕರ್ನಾಟಕದಲ್ಲಿ ಈ ದೂರು ಪಡೆಯುವುದು ಲೋಕಾಯುಕ್ತ ಪೊಲೀಸರು. 2022ರ ಆಗಸ್ಟ್‌ನಲ್ಲಿ ಹೈಕೋರ್ಟ್ ಭ್ರಷ್ಟಾಚಾರ ನಿಗ್ರಹ ದಳವನ್ನು (ಎಸಿಬಿ) ರದ್ದು ಮಾಡಿದ ಮೇಲೆ ಆ ಅಧಿಕಾರ ಅವರಿಗೆ ಮರಳಿತು, ಪ್ರತಿ ಜಿಲ್ಲೆಯಲ್ಲೂ ಅವರ ಠಾಣೆಯಿದೆ. ದೂರಿಗೆ ಶುಲ್ಕವಿಲ್ಲ. ಕೇಳಿದ ಮೊತ್ತ, ದಿನಾಂಕ, ಅರ್ಜಿಯ ಸಂಖ್ಯೆ ಮತ್ತು ಸರ್ಕಾರಿ ದರಪಟ್ಟಿಯ ಪುಟ ಇವಿಷ್ಟು ಜೊತೆಗಿದ್ದರೆ ಠಾಣೆಯಲ್ಲಿ ಮಾತು ಬೇಗ ಮುಗಿಯುತ್ತದೆ.